ಹಿಂದೆ ಬಿಟ್ಟ ಕೈ

ಹನ್ನೊಂದನೆಯ ಸಲವೂ "ಕಟ್" ಎಂಬ ಕೂಗು ಕೇಳಿದಾಗ ವಿರೂಪಣ್ಣ ಮಾಸ್ತರನಿಗೆ ಕೈಯಲ್ಲಿದ್ದ ಚಹಾ ಇನ್ನಷ್ಟು ಸಿಹಿಯಾಯಿತು. ಗಬ್ಬೂರಿನ ಬಸ್ ನಿಲ್ದಾಣದ ಎದುರು, ಬೇವಿನ ಮರದ ನೆರಳಿನಲ್ಲಿ, ಸಿನಿಮಾದವರು ಕೊಟ್ಟ ಪ್ಲಾಸ್ಟಿಕ್ ಕುರ್ಚಿಯ ಮೇಲೆ ಅವನು ಕಾಲ ಮೇಲೆ ಕಾಲು ಹಾಕಿ ಕೂತಿದ್ದ. ಬಾಡಿಗೆಯ ಕೆಂಪು ಬಸ್ಸು ಹೊಗೆ ಬಿಡುತ್ತ ಹಿಂದಕ್ಕೆ ಬಂದು ಮತ್ತೆ ಮೊದಲಿನ ಜಾಗದಲ್ಲೇ ನಿಂತಿತು.

"ಮಾಸ್ತರ, ನಿಮ್ಮ ಮಾರಿ ಮದುವಿ ಮನಿ ಆದಂಗ ಆಗ್ಯಾದ," ಎಂದ ಪರ್ವೇಜ್. ದೇವದುರ್ಗದಲ್ಲಿ ಮೈಕು, ಲೈಟು ಬಾಡಿಗೆ ಕೊಡುವವನು ಅವನು. ಇಪ್ಪತ್ತೈದು ವರ್ಷದಿಂದ ವಿರೂಪಣ್ಣನ ನಾಟಕಗಳಿಗೆ ಬೆಳಕು ಹಾಕುತ್ತ ಬಂದಿದ್ದ. ಬೆಳಿಗ್ಗೆ ತನ್ನ ಬೈಕಿನ ಮೇಲೆ ಕರೆತಂದವನೂ ಅವನೇ.

"ಬಿಸಲಿಗೆ ಹಂಗ ಕಾಣ್ತದ. ಸುಮ್ನ ಕುಂದ್ರು."

"ಬಿಸಲಿಗೆ ನನ್ನ ಮಾರಿ ಸುಟ್ಟ ಬದನಿಕಾಯಿ ಆಗ್ಯಾದ. ನಿಮ್ದು ಹೆಂಗ ಅರಳಾಕತ್ತೈತಿ?"

"ಲೇ, ಚಹಾ ಕುಡಿ ನೀ."

ಕ್ಯಾಮೆರಾದ ಪಕ್ಕದಲ್ಲಿ ಪ್ರಭುರಾಜ ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದ. ಇದೇ ಗಬ್ಬೂರಿನವನು. ಹತ್ತೊಂಬತ್ತನೆಯ ವಯಸ್ಸಿನಲ್ಲಿ ವಿರೂಪಣ್ಣನ ಹತ್ತಿರ ನಾಟಕ ಕಲಿಯಲು ಬಂದು ಮೂರು ವರ್ಷ ಅವನ ಹಾರ್ಮೋನಿಯಂ ಪೆಟ್ಟಿಗೆ ಹೊತ್ತಿದ್ದ. ಆಮೇಲೆ ಮೈಸೂರಿಗೆ ಹೋದ, ರಂಗಶಾಲೆ ಸೇರಿದ, ಊರೂರು ತಿರುಗಿ ನಾಟಕ ಮಾಡಿಸಿದ. ಧಾರಾವಾಹಿಗಳಲ್ಲಿ ಸಹಾಯಕನಾಗಿ ಬೈಸಿಕೊಂಡ. ಮೂವತ್ತೈದಕ್ಕೆ ಮೊದಲ ಸಿನಿಮಾ ಮಾಡಿದ. ಅದು ರಾಯಚೂರಿಗೆ ಬಂದಾಗ ವಿರೂಪಣ್ಣ ಮಧ್ಯಂತರದಲ್ಲೇ ಎದ್ದು ಬಂದು, ಜೀವ ಇಲ್ಲದ ಸಿನಿಮಾ ಎಂದು ದೇವದುರ್ಗದ ಹೋಟೆಲುಗಳಲ್ಲೆಲ್ಲ ಹೇಳಿದ. ಮರುದಿನ ಯಾರಿಗೂ ಹೇಳದೆ ಮತ್ತೆ ಬಸ್ಸು ಹತ್ತಿ ಹೋಗಿ ಪೂರ್ತಿ ನೋಡಿದ. ಚೆನ್ನಾಗಿತ್ತು. ಅದೇ ಅವನಿಗೆ ತಡೆಯಲಾಗದ್ದು.

ಆ ಸಿನಿಮಾಕ್ಕೆ ಪ್ರಶಸ್ತಿ ಬಂದಾಗ ಪೇಪರಿನಲ್ಲಿ ಪ್ರಭುರಾಜನ ಸಂದರ್ಶನ ಬಂತು. ತನ್ನ ಗುರುಗಳೆಂದು ಅವನು ಮೂವರ ಹೆಸರು ಹೇಳಿದ್ದ. ಮೂವರೂ ರಂಗಶಾಲೆಯವರು. ವಿರೂಪಣ್ಣ ಆ ತುಂಡನ್ನು ಕತ್ತರಿಸಿ ಹಾರ್ಮೋನಿಯಂ ಪೆಟ್ಟಿಗೆಯೊಳಗೆ ಇಟ್ಟುಕೊಂಡಿದ್ದ. ಮೂರು ವರ್ಷದಿಂದ ಪೆಟ್ಟಿಗೆ ತೆಗೆದಾಗಲೆಲ್ಲ ಅದು ಕಣ್ಣಿಗೆ ಬೀಳುತ್ತಿತ್ತು.

ಈಗ ಎರಡನೆಯ ಸಿನಿಮಾ. ದುಡಿಯಲು ಪುಣೆಗೆ ಹೊರಟ ಮಗನನ್ನು ತಾಯಿ ಬಸ್ಸು ಹತ್ತಿಸುವ ದೃಶ್ಯ. ತಾಯಿಯ ಪಾತ್ರದ ಯಶೋದಾ ಮೈಸೂರಿನ ದೊಡ್ಡ ನಟಿ. ನಿನ್ನೆ ಇಡೀ ದಿನ ಆಗಿರಲಿಲ್ಲ, ಇವತ್ತೂ ಆಗುತ್ತಿರಲಿಲ್ಲ.

ಪ್ರಭುರಾಜ ಒಬ್ಬನ ಹೆಗಲ ಮೇಲಿದ್ದ ಟವೆಲ್ಲು ಕಸಿದು ತಲೆಯ ಮೇಲೆ ಹಾಕಿಕೊಂಡ. "ಹಿಂಗಲ್ಲ ಮೇಡಂ. ಹೋಗು ಅಂತೀರಿ, ಬೆನ್ನು ತಿರುಗಸ್ತೀರಿ. ಆಮ್ಯಾಲ ಈ ಕೈ..." ಎಂದು ಎಡಗೈಯನ್ನು ಸೊಂಟಕ್ಕಿಟ್ಟ, ತೆಗೆದ, ತಲೆಗಿಟ್ಟ. "ಈ ಕೈ ಏನೋ ಮಾಡ್ತದ."

"ಏನು ಮಾಡುತ್ತೆ ಸರ್?"

ಪ್ರಭುರಾಜನಿಗೆ ಗೊತ್ತಿರಲಿಲ್ಲ. ಶೂಟಿಂಗ್ ನೋಡಲು ಸೇರಿದ್ದ ಗುಂಪಿನಲ್ಲಿ ಯಾರೋ ನಕ್ಕರು.

ವಿರೂಪಣ್ಣ ಕಾಲು ಕೆಳಗಿಳಿಸಿದ. ಅವನಿಗೆ ಗೊತ್ತಿತ್ತು.

ಹಳ್ಳಿ ನಾಟಕಗಳಲ್ಲಿ ಹೆಣ್ಣು ಪಾತ್ರದವರು ಗದಗ, ಇಳಕಲ್ ಕಡೆಯಿಂದ ನಾಟಕದ ದಿನವೇ ಬರುತ್ತಾರೆ. ಬಣ್ಣ ಹಚ್ಚಿಕೊಂಡು, ಬಾಯಿಪಾಠ ಇದ್ದದ್ದನ್ನು ಆಡಿ, ಮುಂಜಾನೆಯ ಬಸ್ಸಿಗೆ ಹೋಗಿಬಿಡುತ್ತಾರೆ. ಅದಕ್ಕೆ ಮುಂಚಿನ ಎರಡು ತಿಂಗಳ ತಾಲೀಮಿನಲ್ಲಿ ತಾಯಿ, ಹೆಂಡತಿ, ತಂಗಿ ಎಲ್ಲವೂ ಮಾಸ್ತರನೇ. ಟವೆಲ್ಲು ತಲೆಯ ಮೇಲೆ ಬಂದರೆ ವಿರೂಪಣ್ಣ ಹೆಂಗಸು. ಮೂವತ್ತು ವರ್ಷದಲ್ಲಿ ಅವನು ಆಡಿದ ಒಳ್ಳೆಯ ಪಾತ್ರಗಳನ್ನೆಲ್ಲ ನೋಡಿದವರು ತಾಲೀಮಿಗೆ ಬಂದ ಏಳೆಂಟು ಗಂಡಸರು ಮಾತ್ರ.

ಪ್ರಭುರಾಜ ಕಲಿಯಲು ಬಂದಿದ್ದಾಗ ಮಾಡಿಸಿದ ಒಂದು ನಾಟಕದಲ್ಲೂ ಮಗ ಊರು ಬಿಟ್ಟು ಹೊರಡುತ್ತಾನೆ. ಮಗನಾಗಿದ್ದವನು ಅವನೇ. ಒಂದು ತಾಲೀಮಿನಲ್ಲಿ "ಹೋಗು ಮಗನ, ಹಿಂದ ತಿರುಗಿ ನೋಡಬ್ಯಾಡ" ಎಂದು ವಿರೂಪಣ್ಣ ಬೆನ್ನು ತಿರುಗಿಸಿದ್ದ. ಬಲಗೈ ಮೇಲೆತ್ತಿ ತಲೆಯ ಟವೆಲ್ಲು ಹಿಡಿದಿದ್ದ, ಎಡಗೈಯನ್ನು ಬೆನ್ನ ಹಿಂದೆ ಬಿಟ್ಟಿದ್ದ, ಬೆರಳು ಬಿಚ್ಚಿ, ಸುಮ್ಮನೆ. ಅವನ ತಾಯಿ ಹಂಪಮ್ಮ ನೀರಿಗೆ ಹೋದಾಗ ಹಾಗೆ ನಡೆಯುತ್ತಿದ್ದಳು. ಬಲಗೈ ತಲೆಯ ಮೇಲಿನ ಕೊಡಕ್ಕೆ, ಎಡಗೈ ಹಿಂದಕ್ಕೆ, ಮಗ ಹಿಡಿದುಕೊಳ್ಳಲೆಂದು. ತಿರುಗಿ ನೋಡಿದರೆ ಕೊಡ ಬೀಳುತ್ತದೆ. ಇದನ್ನು ಅವನು ಹೆಂಡತಿಗೂ ಹೇಳಿರಲಿಲ್ಲ. ಅವತ್ತು ಪ್ರಭುರಾಜ "ಬರ್ತೀನಿ ಯವ್ವಾ" ಎಂಬ ಎರಡು ಮಾತು ಮರೆತು ಕಣ್ಣೊರೆಸಿಕೊಳ್ಳುತ್ತ ನಿಂತಿದ್ದ. ನಾಟಕದ ದಿನ ಇಳಕಲ್ಲಿನಾಕೆ ಬಂದು ಬಿಕ್ಕಿ ಬಿಕ್ಕಿ ಅತ್ತು, ನೆಲಕ್ಕೆ ಕುಸಿದು ಸೀಟಿ ಹೊಡೆಸಿಕೊಂಡಳು.

ಪ್ರಭುರಾಜ ಟವೆಲ್ಲು ಹಿಡಿದುಕೊಂಡು ಬೇವಿನ ಮರದ ಕಡೆಗೇ ಬಂದ.

"ಮಾಸ್ತರ, ಇದಕ್ಕ ನಿಮ್ಮನ್ನ ಕರಸೀನ್ರಿ. ಅವತ್ತು ನನ್ನ ಕಣ್ಣಾಗ ನೀರು ತುಂಬಿತ್ತು, ನಾ ಸರಿ ನೋಡ್ಲಿಲ್ಲ. ಆ ಕೈ ಏನು ಮಾಡಿದ್ರಿ?"

"ಮೈಸೂರಾಗ ಕಲಸ್ಲಿಲ್ಲೇನು?"

ಪರ್ವೇಜ್ ಚಹಾದ ಕಪ್ಪಿನೊಳಗೆ ಮುಖ ಇಟ್ಟ. ಪ್ರಭುರಾಜ ತಲೆ ತಗ್ಗಿಸಿದ. "ಇಲ್ರಿ."

ಯಶೋದಾ ಹಿಂದೆಯೇ ಬಂದಿದ್ದಳು. "ನೀವು ತೋರಿಸಿಕೊಡಿ ಸರ್. ನಾನು ಕಲಿತುಕೊಳ್ತೀನಿ," ಎಂದು ಕೈಮುಗಿದಳು. ದೊಡ್ಡ ನಟಿ ಎಂಬ ಸೊಕ್ಕು ಇರಲಿಲ್ಲ. ಇದ್ದಿದ್ದರೆ ಅವನಿಗೆ ಹಗುರಾಗುತ್ತಿತ್ತು.

ವಿರೂಪಣ್ಣ ಎದ್ದು ಬಸ್ಸಿನ ಹತ್ತಿರ ಹೋದ. ನೂರಾರು ಜನ ಮುಂದೊತ್ತಿ ಬಂದರು. ಅಷ್ಟು ದೊಡ್ಡ ಕ್ಯಾಮೆರಾ ಅವನು ಹತ್ತಿರದಿಂದ ನೋಡಿರಲಿಲ್ಲ. ಈ ಕೈ ಇಲ್ಲಿ ತೋರಿಸಿದರೆ ಅದು ಈಕೆಯ ಕೈ ಆಗುತ್ತದೆ. ಬೆಂಗಳೂರಿನವರು, ದಿಲ್ಲಿಯವರು ನೋಡಿ ಅಳುತ್ತಾರೆ. ಪ್ರಭುರಾಜ ಹಾರ ಹಾಕಿಸಿಕೊಂಡು ಮತ್ತೆ ಮೂವರ ಹೆಸರು ಹೇಳುತ್ತಾನೆ. ಹಂಪಮ್ಮನ ಕೈ ಇವರಪ್ಪಂದಲ್ಲ.

ಅವನು ತಲೆಯ ಮೇಲೆ ಟವೆಲ್ಲು ಎಳೆದುಕೊಂಡ. "ಹೋಗು ಮಗನ, ಹಿಂದ ತಿರುಗಿ ನೋಡಬ್ಯಾಡ," ಎಂದ. ಬೆನ್ನು ತಿರುಗಿಸಿದ. ಎಡಗೈಯಿಂದ ಟವೆಲ್ಲಿನ ತುದಿ ಬಾಯಿಗೆ ಒತ್ತಿಕೊಂಡು, ಭುಜ ಕುಣಿಸಿ ಬಿಕ್ಕಿ, ನಿಧಾನಕ್ಕೆ ಮೊಣಕಾಲ ಮೇಲೆ ಕುಸಿದು, ಹೋಗುವ ಬಸ್ಸಿನ ಕಡೆ ಕೈಚಾಚಿದ. ಇಳಕಲ್ಲಿನಾಕೆ ಮಾಡಿದ್ದು ಅದೇ.

ಜನ ಚಪ್ಪಾಳೆ ಹೊಡೆದರು. ಯಶೋದಾ ಕಣ್ಣಂಚು ಒರೆಸಿಕೊಂಡಳು. ಪ್ರಭುರಾಜ ಮಾತ್ರ ಚಪ್ಪಾಳೆ ಹೊಡೆಯಲಿಲ್ಲ. ಹತ್ತಿರ ಬಂದು ಸಣ್ಣ ದನಿಯಲ್ಲಿ ಕೇಳಿದ.

"ಇದೇನ್ರಿ ಅದು?"

"ಇದೇ."

"ಅವತ್ತು ನೀವು ಹಿಂಗ ನೆಲಕ್ಕ ಕುಂತಿದ್ದಿಲ್ಲ ಅನಸ್ತದ."

"ಮಾತು ಮರ್ತು ನಿಂತವ ನೀನು. ನಿನಗೇನು ನೆಪ್ಪಿರ್ತದ?"

ಪ್ರಭುರಾಜ ಅವನ ಮುಖವನ್ನೇ ನೋಡಿದ. ಆಮೇಲೆ, "ನೀವು ಅಂದ್ರ ಅಷ್ಟೇರಿ," ಎಂದು ಕ್ಯಾಮೆರಾದ ಕಡೆ ನಡೆದ.

ಎರಡೇ ಸಲಕ್ಕೆ ದೃಶ್ಯ ಮುಗಿಯಿತು. ಯಶೋದಾ ಬಂದು ಕಾಲು ಮುಟ್ಟಿದಳು. ಸಾಮಾನು ಕಟ್ಟುವ ಗದ್ದಲದಲ್ಲಿ ಪ್ರಭುರಾಜ ಒಂದು ಕಾಗದ ಹಿಡಿದುಕೊಂಡು ಬಂದ.

"ಟೈಟಲ್‌ನಾಗ ಮೊದಲ ನಿಮ್ಮ ಹೆಸರು ಬರ್ತದ್ರಿ. 'ಈ ಕೈ ಕಲಿಸಿದವರು ವಿರೂಪಣ್ಣ ಮಾಸ್ತರ, ದೇವದುರ್ಗ' ಅಂತ ಬರಸೀನಿ." ಕಾಗದ ಅವನ ಕೈಗೆ ಕೊಟ್ಟ. "ಆ ಪೇಪರ್‌ನವ್ರು ಕೇಳಿದಾಗ ನಿಮ್ಮ ಹೆಸರು ಬಾಯಿಗೆ ಬಂದಿತ್ರಿ. ಹಳ್ಳಿ ನಾಟಕ ಅಂದ್ರ ಅಲ್ಲಿ ನಗ್ತಿದ್ರು. ನಾಚಿಕಿ ಬಂತು, ನುಂಗಿಬಿಟ್ಟೆ. ತಪ್ಪಾತ್ರಿ."

ವಿರೂಪಣ್ಣ ಕಾಗದ ನೋಡಿದ. ತನ್ನ ಹೆಸರು ದುಂಡಗೆ ಬರೆದಿತ್ತು.

"ಆ ಬಸ್ಸು ಮತ್ತ ಯಾವಾಗ ಬರ್ತದ?"

"ಬಸ್ಸಿನ ಕೆಲಸ ಮುಗೀತ್ರಿ. ಯಾಕ್ರಿ?"

"ಸುಮ್ನ ಕೇಳ್ದೆ."

ಸಿರವಾರದ ತನಕ ಪರ್ವೇಜ್ ಬೈಕಿನ ಮೇಲೆ ಬಿಟ್ಟ. ಅಲ್ಲಿಂದ ವಿರೂಪಣ್ಣ ಮಾನ್ವಿಯ ಬಸ್ಸು ಹಿಡಿಯಬೇಕಿತ್ತು. ಆ ಕಡೆಯ ಹಳ್ಳಿಯೊಂದರಲ್ಲಿ ಸಂಜೆ ತಾಲೀಮಿತ್ತು.

"ಇಪ್ಪತ್ತೈದು ವರ್ಷ ತಾಲೀಮಿಗೆ ಬಲ್ಬ್ ಕಟ್ಟೀನಿ ಮಾಸ್ತರ," ಎಂದ ಪರ್ವೇಜ್, ಬೈಕು ಬಂದ್ ಮಾಡದೆಯೇ. "ಹೊಟ್ಟಿಕಿಚ್ಚು ಇರ್ಲಿ, ಎಲ್ಲಾರಿಗೂ ಇರ್ತದ. ಕೈ ಯಾಕ ಸುಳ್ಳು ತೋರಸಿದ್ರಿ?"

"ನಿನ್ನ ಕೆಲಸ ನೀ ನೋಡು."

"ನೋಡ್ತೀನಿ." ಗಾಡಿ ತಿರುಗಿಸಿಕೊಂಡು ಹೋದ. ಎಂದಿನಂತೆ ನಾಳೆ ಬರ್ತೀನಿ ಎನ್ನಲಿಲ್ಲ.

ವಿರೂಪಣ್ಣ ಹೋಗುವಷ್ಟರಲ್ಲಿ ಶಾಲೆಯ ಪಡಸಾಲೆಯಲ್ಲಿ ಆರು ಜನ ಸೇರಿದ್ದರು. ಗದ್ದೆಯಿಂದ ನೇರ ಬಂದವರು, ಇನ್ನೂ ಕಾಲಿನ ಕೆಸರು ತೊಳೆದಿರಲಿಲ್ಲ. ಇಬ್ಬರು ಫೋನಿನಲ್ಲಿ ಗಬ್ಬೂರಿನ ಶೂಟಿಂಗಿನ ತುಣುಕು ನೋಡುತ್ತಿದ್ದರು.

"ಮಾಸ್ತರ, ನೀವೂ ಕಾಣಸ್ತೀರಲ್ರಿ ಇದ್ರಾಗ. ಏನ್ ಅಳ್ತೀರಿ ಯಪ್ಪಾ," ಎಂದ ಗದ್ದೆಪ್ಪ. ಟ್ರ್ಯಾಕ್ಟರ್ ಹೊಡೆಯುವವನು. ಈ ಸಲದ ನಾಟಕದಲ್ಲಿ ಅವನೇ ಮಗ.

"ಬಂದ್ ಮಾಡ್ರಲೇ ಅದನ್ನ. ಏಳ್ರಿ."

ಮಗ ಊರು ಬಿಡುವ ಅದೇ ದೃಶ್ಯ ಬಂತು. ವಿರೂಪಣ್ಣ ಹಾರ್ಮೋನಿಯಂ ಬಿಟ್ಟು ಎದ್ದ. ಟವೆಲ್ಲು ತಲೆಯ ಮೇಲೆ ಹಾಕಿಕೊಂಡ. "ಹೋಗು ಮಗನ, ಹಿಂದ ತಿರುಗಿ ನೋಡಬ್ಯಾಡ," ಎಂದು ಬೆನ್ನು ತಿರುಗಿಸಿದ. ಬಲಗೈ ಮೇಲೆ ಹೋಯಿತು. ಎಡಗೈ ಹಿಂದೆ ಬಂದು ಬೆರಳು ಬಿಚ್ಚಿಕೊಂಡಿತು.

ಎದುರಿನ ಗೋಡೆಯ ಮೇಲೆ ಮಕ್ಕಳಿಗೆಂದು ಬರೆದ ಮಗ್ಗಿ ಇತ್ತು. ಅವನು ಎರಡರ ಮಗ್ಗಿ ಓದಿ ಮುಗಿಸಿದ. ಮೂರರದು ಓದಿದ. ಗದ್ದೆಪ್ಪನ ಮಾತು ಬರಲಿಲ್ಲ.

"ಬರ್ತೀನಿ ಯವ್ವಾ ಅನ್ನಲೇ," ಎಂದು ಯಾರೋ ಪಿಸುಗುಟ್ಟಿದರು.

ಗದ್ದೆಪ್ಪ ಅನ್ನಲಿಲ್ಲ. ಮೂಗು ಎಳೆದ ಸದ್ದು ಮಾತ್ರ ಬಂತು.

ವಿರೂಪಣ್ಣ ತಿರುಗಲಿಲ್ಲ. ನಾಲ್ಕರ ಮಗ್ಗಿಯ ಮೇಲೆ ಸುಣ್ಣ ಉದುರಿ ಅಕ್ಷರಗಳು ಹೋಗಿದ್ದವು. ಅವನು ಅದನ್ನೇ ನೋಡುತ್ತ ನಿಂತ, ಎಡಗೈ ಹಿಂದಕ್ಕೆ ಬಿಟ್ಟುಕೊಂಡು.