ಕಪಿತಾನ ಕುಣಿದ ಸಿನಿಮಾ

ಇಸ್ಯಾಂಗಳ ಜೇಡದ ಹೆಸರು ಕಪಿತಾನ. ಬೆಂಕಿಪೊಟ್ಟಣದೊಳಗೆ ಬಾಳೆಲೆಯ ಚೂರಿನ ಮೇಲೆ ಅದರ ವಾಸ. ಇಲೊಯಿಲೊ ಊರಿನ ಯಾವ ಜೇಡವನ್ನಾದರೂ ಅದು ಸೋಲಿಸೀತು ಎಂದು ಅವಳಿಗೆ ಖಾತ್ರಿಯಿತ್ತು. ಆದರೆ ತೆಂಗಿನಕಡ್ಡಿಯ ಮೇಲೆ ಜೇಡ ಕಾದಾಡಿಸುವ ಆಟಕ್ಕೆ ಚಿಕ್ಕಪ್ಪನ ಮಗ ದೊನಾತೊ ಹುಡುಗಿಯರನ್ನು ಸೇರಿಸುತ್ತಿರಲಿಲ್ಲ.

ಮೆಲ್ಚೋರ್ ಮಾಮ ಕ್ಯಾಮೆರಾ ಕೊಂಡು ತಂದು, ಜೇಡಕ್ಕೆ ಮನಸೋತ ಮಗುವಿನ ಮೇಲೆ ಒಂದು ಪುಟ್ಟ ಮೂಕಿಚಿತ್ರ ತೆಗೆಯುತ್ತೇನೆ ಎಂದಾಗ ಇಸ್ಯಾಂಗ್ ಒಂದೇ ಷರತ್ತು ಹಾಕಿದಳು. ಕೊನೆಯಲ್ಲಿ ಕಪಿತಾನ ಕಾದಾಡಿ ಗೆಲ್ಲಬೇಕು, ಅದನ್ನು ಊರೆಲ್ಲ ನೋಡಬೇಕು.

ಮೊದಲ ಭಾಗ ಚೆನ್ನಾಗಿಯೇ ಬಂತು. ಇಸ್ಯಾಂಗ್ ಬಲೆಯನ್ನು ಕಣ್ಣರಳಿಸಿ ನೋಡಿದಳು. ಅವಳ ಹಿಂದೆ ಅಮ್ಮ, ಮೂರು ದಿನ ಕಲಿತ ಗಾಂಭೀರ್ಯದಿಂದ, ಪೊರಕೆ ಹಿಡಿದು ಹಾದುಹೋದಳು. ಮಾಮ ಬಾಯಲ್ಲೇ ಎಣಿಸುತ್ತ ಕ್ಯಾಮೆರಾದ ಹಿಡಿಕೆಯನ್ನು ಹದವಾಗಿ ತಿರುಗಿಸಿದ. ಆದರೆ ಕಡ್ಡಿಯ ಮೇಲೆ ಎರಡು ಜೇಡಗಳು ಎದುರಾದದ್ದೇ ತಡ, ಎಣಿಕೆ ಮರೆತ. ಚಿಕ್ಕಂದಿನಲ್ಲಿ ಅವನೂ ಜೇಡ ಸಾಕಿದವನೇ. "ಹಿಡಿ, ಹಿಡಿ" ಎನ್ನುತ್ತ ಹಿಡಿಕೆಯನ್ನು ಗಿರಗಿರನೆ ತಿರುಗಿಸಿಬಿಟ್ಟ. ಕಪಿತಾನ ಗೆದ್ದಿತು.

ಭಾನುವಾರ ಪ್ರದರ್ಶನ. ಮಾಮ ಪ್ರೊಜೆಕ್ಟರಿನ ಹಿಡಿಕೆಯನ್ನು ಹದವಾಗಿಯೇ ತಿರುಗಿಸಿದ, ಆದರೆ ಗಿರಗಿರನೆ ತಿರುಗಿಸಿ ತೆಗೆದದ್ದರಿಂದ ಚಿತ್ರಗಳ ಸಂಖ್ಯೆ ಹೆಚ್ಚಾಗಿ, ಕಾಳಗ ತೆರೆಯ ಮೇಲೆ ತೆವಳುತ್ತ ಬಂತು. ಎರಡು ಜೇಡಗಳೂ ಮೆಲ್ಲಗೆ ಕಾಲೆತ್ತಿದವು, ಮೆಲ್ಲಗೆ ಅಪ್ಪಿಕೊಂಡವು. ಪಿಯಾನೊ ಮುಂದಿದ್ದ ತೆಕ್ಲಾ ಅತ್ತೆ, ಪಾಪ, ಮದುವೆಯ ಹಾಡು ಶುರುಮಾಡಿದಳು. ಮುಂದಿನ ಸಾಲಿನ ಮುದುಕಿಯರು ಕಣ್ಣೊರೆಸಿಕೊಂಡರು.

ದೊನಾತೊ ಹಿಂದಕ್ಕೆ ತಿರುಗಿದ. "ನಿನ್ ಕಪಿತಾನ ಚೆನ್ನಾಗ್ ಕುಣೀತಾನೆ ಕಣೇ. ಮದ್ವೆ ಯಾವತ್ತು?"

ಇಸ್ಯಾಂಗ್ ನೇರ ಪ್ರೊಜೆಕ್ಟರಿನ ಹತ್ತಿರ ಹೋದಳು. "ಮಾಮಾ, ಇನ್ನೊಂದ್ಸಲ ಹಾಕು. ಜೋರಾಗ್ ತಿರುಗ್ಸು."

"ತಿರುಗ್ಸಿ ತಿರುಗ್ಸಿ ಕೈ ಬಿದ್ದೋಗಿದೆ ಮಗಾ."

"ಹಾಗಾದ್ರೆ ಆಕಡೆ ಸರಿ, ನಾನೇ ತಿರುಗಿಸ್ತೀನಿ."

ಕಾಳಗ ಬರುವವರೆಗೆ ನಿಧಾನವಾಗಿರಲಿ ಎಂದು ಮಾಮ ನೂರು ಸಲ ಹೇಳಿದ. ಅವಳು ತಲೆಯಾಡಿಸಿದಳು, ಕೈ ಮಾತ್ರ ಕೇಳಲಿಲ್ಲ. ತೆರೆಯ ಮೇಲೆ ಅಮ್ಮ ಪೊರಕೆ ಸಮೇತ, ನಾಯಿ ಅಟ್ಟಿಸಿಕೊಂಡು ಬಂದ ಕೋಳಿಯಂತೆ, ಈ ತುದಿಯಿಂದ ಆ ತುದಿಗೆ ಓಡಿಹೋದಳು. ಜನ ನಕ್ಕು ನಕ್ಕು ಬೆಂಚಿನಿಂದ ಜಾರಿದರು. ಆಮೇಲೆ ಕಪಿತಾನ ಹಾರಿತು, ಕೆಡವಿತು, ಎದುರಾಳಿಯನ್ನು ನೂಲಿನಲ್ಲಿ ಸುತ್ತಿ ಮೂಟೆ ಕಟ್ಟಿತು. ಇಡೀ ಸಭೆ ಎದ್ದು ನಿಂತಿತು. ತೆಕ್ಲಾ ಅತ್ತೆ ಪಿಯಾನೊ ಮುಚ್ಚಿ, ತಾನೂ "ಹಿಡಿ, ಹಿಡಿ" ಎಂದಳು.

ಮರುದಿನ ಬೆಳಿಗ್ಗೆ ದೊನಾತೊ ಬೆಂಕಿಪೊಟ್ಟಣ ಹಿಡಿದು ಕಂಬಗಳ ಮೇಲಿನ ಅವರ ಮನೆಗೆ ಹತ್ತುವ ಏಣಿಯ ಬುಡದಲ್ಲಿ ನಿಂತು, ಇಸ್ಯಾಂಗ್ ಆಟಕ್ಕೆ ಬರುತ್ತಾಳಾ ಎಂದು ಕೇಳಿದ. ದಾರಿಹೋಕರೆಲ್ಲ ನೋಡಲೆಂದು ಅಮ್ಮ ಅಂಗಳವನ್ನು ಬಲು ನಿಧಾನವಾಗಿ ಗುಡಿಸುತ್ತಿದ್ದಳು.