ಮೈದಾ ಅಂಟು

ಅಪ್ಪನ ಹೆಬ್ಬೆರಳಿನ ಉಗುರಿನಡಿ ಒಣಗಿ ಕೂತಿದ್ದ ಅಂಟನ್ನು ಮಗಳು ಒದ್ದೆ ಬಟ್ಟೆಯಿಂದ ಉಜ್ಜುತ್ತಿದ್ದಳು. ಬೆಚ್ಚಗಿನ ನೀರು ತಾಕಿದ್ದೇ ತಡ, ಅದು ಮೆತ್ತಗಾಗಿ ಬಟ್ಟೆಗೆ ಬಂತು.

"ಬಿಡೇ, ಸಾಕು," ಅಂದಳು ಅತ್ತೆ, ಸತ್ತವನ ಅಕ್ಕ. "ಅದೂ ಹೋದ್ರೆ ಅಲ್ಲಿ ನಮ್ಮಮ್ಮ ಇವನ ಗುರುತು ಹೇಗೆ ಹಿಡೀಬೇಕು?"

ಮಗಳು ಬಿಡಲಿಲ್ಲ. ಅಪ್ಪ ಸರ್ಕಾರಿ ಗ್ರಂಥಾಲಯದ ನೆಲಮಾಳಿಗೆಯಲ್ಲಿ ಬೈಂಡರ್ ಆಗಿದ್ದ. ಅದೇ ಕೋಣೆಯಲ್ಲಿ ಪುಸ್ತಕ ಹೊಲಿಯುವ ಕೆಲಸ ಅವಳದು. ನಿನ್ನೆ ಮಧ್ಯಾಹ್ನ ಊಟದ ಡಬ್ಬಿ ಮುಚ್ಚಿದವನು ಹಾಗೇ ಮೇಜಿನ ಮೇಲೆ ತಲೆಯಿಟ್ಟಿದ್ದ. ನಿದ್ದೆ ಹತ್ತಿದೆ ಅಂದುಕೊಂಡು ಅವಳು ಒಂದಿಡೀ ಪುಸ್ತಕ ಹೊಲಿದು ಮುಗಿಸಿದ್ದಳು.

ಹೊರಗೆ ಕಾರಿನ ಬಾಗಿಲು ಬಡಿದ ಸದ್ದಾಯಿತು. ಗ್ರಂಥಾಲಯದ ಮುದಿ ಅಟೆಂಡರ್ ಬಾಗಿಲಲ್ಲಿ ತಲೆ ಹಾಕಿ, "ಮಗಳೇ, ಉಗುರು ಬಂತು," ಅಂದ.

ಉಗುರು ಅಂದರೆ ನಿರ್ದೇಶಕರು. ಆ ಹೆಸರಿಟ್ಟವನು ಅಪ್ಪನೇ. ಬಾಟಲಿಯ ಚೀಟಿಯಿರಲಿ, ಗೋಡೆಯ ಬಣ್ಣವಿರಲಿ, ಎಲ್ಲಿ ಒಂದಿಷ್ಟು ಎದ್ದಿದ್ದರೂ ಅವರ ಹೆಬ್ಬೆರಳು ಅಲ್ಲಿಗೇ ಹೋಗುತ್ತಿತ್ತು. ಪೂರ್ತಿ ಸುಲಿದು ಬರುವವರೆಗೆ ಅದು ಸುಮ್ಮನಾಗುತ್ತಿರಲಿಲ್ಲ.

ಅವರು ಒಳಗೆ ಬಂದು, ಕುರ್ಚಿ ಎಳೆದುಕೊಂಡು ಕೂತರು. ಹಿಂದೆಯೇ ಬಂದ ಇಬ್ಬರು ಬಾಗಿಲ ಎರಡೂ ಬದಿ ನಿಂತರು. ಅವರು ಯಾರೆಂದು ಯಾರೂ ಕೇಳಲಿಲ್ಲ. ನಿರ್ದೇಶಕರ ತೊಡೆಯ ಮೇಲಿದ್ದ ಪುಸ್ತಕವನ್ನು ಮಗಳು ದೂರದಿಂದಲೇ ಗುರುತಿಸಿದಳು. ಕೆಂಪು ಬಟ್ಟೆಯ ಹೊದಿಕೆ, ಹಲಗೆಯಂಥ ದಪ್ಪ ರಟ್ಟು. ಅಧ್ಯಕ್ಷರ ಭಾಷಣಗಳ ಸಂಪುಟ.

"ಕಚೇರಿಯ ಗೌರವ ಇದು," ಅಂದರು ನಿರ್ದೇಶಕರು. "ಪೆಟ್ಟಿಗೆ ಮೇಲೆ ಇಡ್ತೀವಿ, ಫೋಟೋ ತೆಗೀತೀವಿ. ಪ್ರತಿ ಠಾಣೆ, ಪ್ರತಿ ಕೋರ್ಟಲ್ಲೂ ಜನ ಇದರ ಮೇಲೆ ಕೈಯಿಟ್ಟು ಪ್ರಮಾಣ ಮಾಡ್ತಾರೆ. ಎಲ್ಲಾ ಪ್ರತೀನೂ ನಿಮ್ಮಪ್ಪನ ಕೈಯಲ್ಲೇ ಆಗಿದ್ದು. ಸಣ್ಣ ಮಾತಾ?"

"ದೊಡ್ಡ ಮಾತೇ," ಅಂದಳು ಅತ್ತೆ. "ಬದುಕಿದ್ದಾಗ ಹೇಳಿದ್ರೆ ಕೇಳಿಸ್ಕೋತಿದ್ದ."

ನಿರ್ದೇಶಕರು ನಕ್ಕು, ರಟ್ಟನ್ನು ಬೆರಳ ಗೆಣ್ಣಿನಿಂದ ತಟ್ಟಿದರು. "ಇಷ್ಟು ಗಟ್ಟಿ ರಟ್ಟು ಎಲ್ಲಿಂದ ತರ್ತಿದ್ನಮ್ಮಾ?"

ಮಗಳ ಕೈಯ ಬಟ್ಟೆಯಿಂದ ನೀರು ತೊಟ್ಟಿಕ್ಕಿತು. "ಗೊತ್ತಿಲ್ಲ ಸಾರ್. ನಾನು ಬರೀ ಹೊಲಿಗೆಯವಳು."

ಅವರ ಹೆಬ್ಬೆರಳು ಕುರ್ಚಿಯ ತೋಳಿನ ಹಳೇ ಬಣ್ಣದ ಚಕ್ಕೆಯೊಂದನ್ನು ಎಬ್ಬಿಸುತ್ತಿತ್ತು.

*

ಹೊಸ ಅಧ್ಯಕ್ಷರು ಬಂದ ವರ್ಷ ಗ್ರಂಥಾಲಯದ ಒಂದು ವಿಭಾಗ ಪೂರ್ತಿ ನೆಲಮಾಳಿಗೆಗೆ ಇಳಿದಿತ್ತು. ಎಲ್ಲ ಬೇರೆ ಬೇರೆ ದೇಶಗಳ ರಾಜಕೀಯ ಚರಿತ್ರೆ. ಯಾವ ದೇಶದಲ್ಲಿ ಸರ್ಕಾರ ಹೇಗೆ ನಡೆಯಿತು, ಹೇಗೆ ಬಿತ್ತು, ಬಿದ್ದಮೇಲೆ ಯಾರು ಬಂದರು ಅನ್ನುವ ಪುಸ್ತಕಗಳು. ಸರ್ಕಾರ ಬಿದ್ದ ಭಾಗವನ್ನೆಲ್ಲ ಕತ್ತರಿಸಬೇಕು ಅಂತ ನಿರ್ದೇಶಕರು ಗುರುತು ಹಾಕಿಸಿದ್ದರು. ಕತ್ತರಿಸಿದ್ದು ತಿಳಿಯದ ಹಾಗೆ ಮತ್ತೆ ಕಟ್ಟಬೇಕು. ಹಾಳೆಗಳನ್ನು ಒಲೆಗೆ ಹಾಕಬೇಕು.

ಅಪ್ಪ ಎರಡು ಮಾತಿಲ್ಲದೆ ಕತ್ತರಿಸಿದ. ಅವನು ಧೀರನೇನಲ್ಲ. ಮೇಲಿನವರು ಕೆಮ್ಮಿದರೆ ಎದ್ದು ನಿಲ್ಲುವ ಜಾತಿ. ಆದರೆ ಅದೇ ತಿಂಗಳು ಭಾಷಣಗಳ ಸಂಪುಟಕ್ಕೂ ಹುಕುಂ ಬಂತು. ದಪ್ಪ ರಟ್ಟೇ ಆಗಬೇಕು. ಪೇಟೆಯಲ್ಲಿ ರಟ್ಟಿರಲಿಲ್ಲ. "ಏನಾದ್ರೂ ಮಾಡಿಕೋ" ಅಂದಿತು ಕಚೇರಿ. ಅಪ್ಪ ಒಲೆಗೆ ಹಳೇ ಪತ್ರಿಕೆ ಹಾಕಿ ಹೊಗೆ ಎಬ್ಬಿಸಿದ. ಕತ್ತರಿಸಿದ ಹಾಳೆಗಳನ್ನು ಒಂದರ ಮೇಲೊಂದು ಅಂಟಿಸಿ, ಪ್ರೆಸ್ಸಿನಲ್ಲಿ ಬಿಗಿದು ರಟ್ಟು ಮಾಡಿದ. ಮೊದಲ ಸಲ ಹಾಗೆ ಮಾಡಿದ್ದು ಬೇರೆ ದಾರಿಯಿಲ್ಲದೆ. ಮುಂದಿನ ವರ್ಷ ಪೇಟೆಗೆ ರಟ್ಟು ಬಂತು. ಅಪ್ಪ ತರಲಿಲ್ಲ.

ಅಂಟಿಸುವ ಮುಂಚೆ ಊಟದ ಹೊತ್ತಲ್ಲಿ ಅವನು ಆ ಹಾಳೆಗಳನ್ನು ಓದುತ್ತಿದ್ದ.

"ಇವತ್ತು ಊಟಕ್ಕೆ ಯಾವ ದೇಶ?" ಅಂತ ಮಗಳು ಕೇಳುತ್ತಿದ್ದಳು.

"ಯಾವುದೋ ದ್ವೀಪ ಕಣೇ. ಜನ ಅರಮನೆ ಮುತ್ತಿಗೆ ಹಾಕಿದ್ರಂತೆ. ರಾಜ ಚಪ್ಪಲೀನೂ ಮೆಟ್ಟದೆ ಮೀನಿನ ದೋಣಿ ಹತ್ತಿದ."

"ಆಮೇಲೆ? ಸಿಕ್ಕಿಬಿದ್ನಾ?"

"ಯಾರಿಗೆ ಗೊತ್ತು? ಆ ಹಾಳೆ ಮೊನ್ನೇನೇ ಅಂಟಿಸಿಬಿಟ್ಟೆ. ಈಗ ಯಾವ ಠಾಣೇಲಿದೆಯೋ."

ಇಬ್ಬರೂ ಅನ್ನ ನೆತ್ತಿಗೇರುವ ಹಾಗೆ ನಕ್ಕಿದ್ದರು.

ಕಚೇರಿ ಕಾರ್ಖಾನೆಯ ಗೋಂದಿನ ಡಬ್ಬಗಳನ್ನು ಕಳಿಸಿತು. ಅಪ್ಪ ಮುಚ್ಚಳವನ್ನೂ ತೆಗೆಯಲಿಲ್ಲ. ಮೈದಾಹಿಟ್ಟನ್ನೇ ಕುದಿಸಿ, ಹುಳ ಬಾರದಿರಲೆಂದು ಚಿಟಿಕೆ ಮೈಲುತುತ್ತ ಸೇರಿಸಿ ಅಂಟು ಮಾಡುತ್ತಿದ್ದ. ಗಂಟಾಗದ ಹಾಗೆ ತಿರುವುವುದು ಮಗಳ ಕೆಲಸ.

"ಗೋಂದು ಗಟ್ಟಿಯಲ್ವೇನಪ್ಪಾ?"

"ಅದಕ್ಕೇ ಬೇಡ. ಅದು ಹಿಡಿದ್ರೆ ಬಿಡಲ್ಲ. ಮೈದಾ ಹಾಗಲ್ಲ, ನೀರು ಕಂಡ್ರೆ ಬಿಡುತ್ತೆ. ಒಂದೊಂದು ಹಾಳೇನೂ ಇಡಿಯಾಗಿ ಎದ್ದು ಬರುತ್ತೆ, ಅಕ್ಷರ ಕೆಡದೆ."

"ನೀರಿಗೆ ಹಾಕೋರು ಯಾರು?"

"ಯಾರಾದ್ರೂ ಹಾಕ್ತಾರೆ," ಅಂದಿದ್ದ ಅಪ್ಪ, ಕುಂಚ ತೊಳೆಯುತ್ತ. "ನಾವಿಬ್ಬರೂ ಹೋದಮೇಲೆ."

*

ಸ್ಮಶಾನ ಮುಟ್ಟುವ ಹೊತ್ತಿಗೆ ಮೋಡ ಕಪ್ಪಾಗಿ ಕೆಳಗಿಳಿದಿತ್ತು. ತೆರೆದ ವ್ಯಾನಿನಲ್ಲಿ ಪೆಟ್ಟಿಗೆಯ ಮೇಲೆ ಸಂಪುಟ ಇತ್ತು. ಮಗಳ ಕಣ್ಣು ಒಮ್ಮೆ ಆಕಾಶಕ್ಕೆ, ಒಮ್ಮೆ ಪುಸ್ತಕಕ್ಕೆ ಹೋಗುತ್ತಿತ್ತು. ಒಂದು ರಟ್ಟು ಬಿಚ್ಚಿಕೊಂಡರೆ ಸಾಕು, ಉಳಿದವನ್ನೆಲ್ಲ ಬಿಚ್ಚಿಸುತ್ತಾರೆ. ಅಪ್ಪ ಇನ್ನು ಯಾರ ಕೈಗೂ ಸಿಗುವವನಲ್ಲ. ಅಂಟು ತಿರುವಿದವಳು ಸಿಗುತ್ತಾಳೆ.

"ಸಾರ್," ಅಂದಳು ಗುಂಡಿಯ ಬಳಿ ನಿಂತು. "ಇದನ್ನ ಅಪ್ಪನ ಜೊತೆಗೇ ಹಾಕಿಬಿಡೋಣ. ಅವರಿಗೆ ಬಹಳ ಪ್ರೀತಿ ಇತ್ತು ಇದರ ಮೇಲೆ."

"ಹೂಂ, ಹಾಕಿಬಿಡಿ," ಅಂದಳು ಅತ್ತೆ. "ನಿಮ್ಮಲ್ಲಿ ಬೇಕಾದಷ್ಟಿದೆಯಲ್ಲ."

"ಅಯ್ಯೋ, ಅಧ್ಯಕ್ಷರನ್ನ ಹೂಳೋಕಾಗುತ್ತೇನಮ್ಮಾ?" ಅಂದರು ನಿರ್ದೇಶಕರು.

ಯಾರೂ ನಗಲಿಲ್ಲ. ಬಾಯಿಂದ ಬಂದ ಮಾತು ತಮಗೇ ಕೇಳಿಸಿ, ಅವರು ಹಿಂದೆ ನಿಂತ ಇಬ್ಬರ ಕಡೆ ಒಮ್ಮೆ ತಿರುಗಿ ನೋಡಿದರು.

ಮೊದಲ ಹನಿ ಕೆಂಪು ಬಟ್ಟೆಯ ಮೇಲೆ ಬಿತ್ತು. ಮಗಳು ಹೊದ್ದಿದ್ದ ಶಾಲು ತೆಗೆದು ಪುಸ್ತಕಕ್ಕೆ ಹೊದಿಸಿದಳು.

"ಶಾಲು ತೆಗೀರಮ್ಮಾ," ಅಂದ ಫೋಟೋದವನು. "ಪುಸ್ತಕ ಕಾಣ್ತಿಲ್ಲ."

ಶಾಲು ತೆಗೆಯಬೇಕಾಯಿತು. ನಿರ್ದೇಶಕರು ಕೊಡೆಯಡಿ ನಿಂತು ನಿಷ್ಠೆಯ ಬಗ್ಗೆ ಮಾತಾಡಿದರು. ಅವರ ಮಾತು ಉದ್ದವಾದಷ್ಟೂ ಮಳೆ ಜೋರಾಯಿತು.

ಹಗ್ಗ ಹಿಡಿದವರು ಪೆಟ್ಟಿಗೆ ಎತ್ತಿದರು. ಅಷ್ಟರಲ್ಲಿ ಮಗಳು "ಅಪ್ಪಾ" ಅಂತ ಕೂಗಿ ಅದರ ಮೇಲೆ ಬಿದ್ದಳು. ಬೆಳಗಿನಿಂದ ಬಾರದ ಅಳು ಆಗಲೂ ಬಂದಿರಲಿಲ್ಲ. ಬರೀ ಕೂಗು. ಮೊಣಕೈಯಿಂದ ಪುಸ್ತಕವನ್ನು ಒತ್ತಿದಳು. ಅದು ಜಾರಿತು, ಪೆಟ್ಟಿಗೆಯ ಅಂಚು ದಾಟಿತು.

"ಅಯ್ಯಯ್ಯೋ, ಪುಸ್ತಕ!"

ಅಟೆಂಡರ್ ಕೆಸರಲ್ಲಿ ಮಂಡಿಯೂರಿ, ಎರಡೂ ಕೈ ಗುಂಡಿಯೊಳಗೆ ಚಾಚಿ, ಅದನ್ನು ಹಿಡಿದುಬಿಟ್ಟ. ಮುದುಕನ ಮುಖದಲ್ಲಿ ಹೆಮ್ಮೆಯಿತ್ತು.

"ನನ್ನ ಸರ್ವೀಸಲ್ಲಿ ಒಂದೇ ಒಂದು ಪುಸ್ತಕ ನೆಲಕ್ಕೆ ಬಿದ್ದಿಲ್ಲ ಮಗಳೇ. ಅದೂ ನಿಮ್ಮಪ್ಪ ಕಟ್ಟಿದ್ದು, ಬೀಳೋಕೆ ಬಿಡ್ತೀನಾ?" ತನ್ನ ಅಂಗಿಯಿಂದಲೇ ನೀರು ಒರೆಸಿ, ಅದನ್ನು ನಿರ್ದೇಶಕರ ಕೈಗಿತ್ತ.

ಅವಳು ಅವನನ್ನೇ ನೋಡಿದಳು. ಅವನಿಗೆ ಏನೂ ಗೊತ್ತಿರಲಿಲ್ಲ. ಅಪ್ಪ ಅವನಿಗೂ ಹೇಳಿರಲಿಲ್ಲ.

ಪೆಟ್ಟಿಗೆ ತಳ ಮುಟ್ಟಿತು. ಅತ್ತೆ ಒಂದು ಹಿಡಿ ಮಣ್ಣನ್ನು ಅವಳ ಕೈಗೆ ತುರುಕಿದಳು. "ಹಾಕೇ. ನೆನೀತಿದ್ದೀವಿ ಎಲ್ಲರೂ."

ಗುಂಡಿಯ ಆಚೆ ಬದಿ ನಿರ್ದೇಶಕರು ಪುಸ್ತಕವನ್ನು ಎದೆಗೊತ್ತಿ ಹಿಡಿದು, ಪಕ್ಕದವನೊಡನೆ ಕಾರು ಯಾವ ಕಡೆಗೆ ತರಬೇಕೆಂದು ಮಾತಾಡುತ್ತಿದ್ದರು. ರಟ್ಟಿನ ಒಂದು ಮೂಲೆ ನೆನೆದು ಉಬ್ಬಿತ್ತು. ಅಲ್ಲಿ ಕೆಂಪು ಬಟ್ಟೆ ಒಂದಿಷ್ಟು ಎದ್ದಿತ್ತು. ಹೆಬ್ಬೆರಳು ಅದನ್ನು ಹುಡುಕಿಕೊಂಡು ಹೋಯಿತು.

"ಹಾಕೇ ಅಂದ್ರೆ!"

ಮಣ್ಣು ಅವಳ ಬೆರಳ ಸಂದಿಯಿಂದ ಕೆಸರಾಗಿ ಇಳಿಯುತ್ತಿತ್ತು. ಬಟ್ಟೆ ಸುಲಿದು ಬಂತು. ಅದರಡಿಯಿಂದ ಒಂದು ಹಾಳೆ, ಎಲ್ಲೂ ಹರಿಯದೆ, ಇಡಿಯಾಗಿ ಎದ್ದು ನಿರ್ದೇಶಕರ ಉಗುರಿಗೆ ಅಂಟಿಕೊಂಡಿತು. ಅವರು ಜೇಬಿನಿಂದ ಕನ್ನಡಕ ತೆಗೆದರು.