ಬೆರಳಿಟ್ಟ ಜಾಗ

ಸಂತೋಷನಿಗೆ ಸ್ಟ್ರೋಕ್ ಆದದ್ದು ಕುಣಿಗಲ್ಲಿನಲ್ಲಿ, ತನ್ನ ಲಗೇಜ್ ಆಟೋದಿಂದ ತೆಂಗಿನಕಾಯಿ ಲೋಡು ಇಳಿಸುತ್ತಿದ್ದಾಗ. ಆಸ್ಪತ್ರೆಯಿಂದ ಗುಬ್ಬಿ ಬಳಿಯ ಕಡಬದ ಮನೆಗೆ ಬರುವಷ್ಟರಲ್ಲಿ ಅವನ ಪಾಲಿಗೆ ಉಳಿದದ್ದು ನೋಡುವ ಕಣ್ಣು, ಕೇಳುವ ಕಿವಿ, ಎಡಗೈ ತೋರುಬೆರಳಿನಲ್ಲಿ ಒಂದಿಷ್ಟು ಅಲುಗಾಟ. ಮಾತಿಲ್ಲ, ನುಂಗಲಾಗುವುದಿಲ್ಲ, ಗಂಜಿಯೂ ಮೂಗಿನ ನಳಿಕೆಯಲ್ಲೇ. ಬುದ್ಧಿ ಮಾತ್ರ ಪೂರ್ತಿ ನೆಟ್ಟಗಿದೆ ಎಂದು ಡಾಕ್ಟರು ಹೇಳಿದಾಗ ಗೆಳೆಯ ಝುಬೇರನಿಗೆ ಸಮಾಧಾನಕ್ಕಿಂತ ಹೆಚ್ಚಾಗಿ ಭಯವಾಯಿತು.

ಇಬ್ಬರೂ ಗುಬ್ಬಿಯಲ್ಲಿ ಪಿಯುಸಿ ಓದುವಾಗ ಒಂದೇ ಬೆಂಚಿನವರು. ಝುಬೇರ್ ಈಗ ತುಮಕೂರಿನಲ್ಲಿ ಅಂಗಡಿಗಳಿಗೆ ಬಿಲ್ಲಿಂಗ್ ಸಾಫ್ಟ್‌ವೇರ್ ಬರೆಯುವ ಕೆಲಸದಲ್ಲಿದ್ದ. ಭಾನುವಾರ ಬಂತೆಂದರೆ ಬಸ್ಸು ಹತ್ತಿ ಕಡಬಕ್ಕೆ ಬರುತ್ತಿದ್ದ. ಮಂಚದ ಪಕ್ಕ ಕೂತು ತಾನೊಬ್ಬನೇ ಮಾತಾಡಿ ಮಾತಾಡಿ ಸುಸ್ತಾಗುತ್ತಿದ್ದ. ಕಣ್ಣು ಮಿಟುಕಿಸಿ ಹೇಳು ಎಂದರೆ ಸಂತೋಷನ ರೆಪ್ಪೆ ತಾನಾಗಿಯೇ ಪಟಪಟ ಬಡಿದುಕೊಳ್ಳುತ್ತಿತ್ತು. ಅದರಲ್ಲಿ ಹೌದು ಯಾವುದು, ಅಲ್ಲ ಯಾವುದು ಎಂದು ತಿಳಿಯುತ್ತಿರಲಿಲ್ಲ.

ಒಂದು ದಿನ ಆ ತೋರುಬೆರಳು ಹಾಸಿಗೆಯ ಮೇಲೆ ಆಡುವುದನ್ನೇ ನೋಡುತ್ತಿದ್ದ ಝುಬೇರನಿಗೆ ತನ್ನ ಲ್ಯಾಪ್‌ಟಾಪಿನ ಟ್ರ್ಯಾಕ್‌ಪ್ಯಾಡ್ ನೆನಪಾಯಿತು. ಬಾಣದ ಗುರುತನ್ನು ತಳ್ಳಿಕೊಂಡು ಹೋಗುವ ಶಕ್ತಿ ಆ ಬೆರಳಿಗಿರಲಿಲ್ಲ. ಬಾಣ ಬೇಡ, ಬೆರಳು ಪ್ಯಾಡಿನ ಮೇಲೆ ಎಲ್ಲಿ ಕೂತಿದೆ ಎನ್ನುವುದೊಂದು ಗೊತ್ತಾದರೆ ಸಾಕಲ್ಲ? ಹುಡುಕಿದಾಗ ಅದಕ್ಕೂ ದಾರಿ ಇತ್ತು. ಪ್ಯಾಡಿನ ಎಡ ಅಂಚು ಸೊನ್ನೆ, ಬಲ ಅಂಚು ಒಂದು. ಕೆಳಗೆ ಸೊನ್ನೆ, ಮೇಲೆ ಒಂದು. ನಡುವೆ ಬೆರಳು ಎಲ್ಲಿದ್ದರೂ ಅದರ ಜಾಗವನ್ನು ಕಂಪ್ಯೂಟರ್ ಹೇಳುತ್ತಿತ್ತು. ಅಲ್ಲಾಡದೆ ಸುಮ್ಮನೆ ಒರಗಿರುವ ಬೆರಳನ್ನು ಅದು ಲೆಕ್ಕಕ್ಕೇ ತೆಗೆದುಕೊಳ್ಳುತ್ತಿರಲಿಲ್ಲ. ಅಂಥದ್ದರ ಜಾಗವನ್ನೂ ಹೇಳು ಎಂದು ಪ್ರೋಗ್ರಾಮಿನಲ್ಲಿ ಬೇರೆಯಾಗಿ ಬರೆಯಬೇಕಾಯಿತು. ಸಂತೋಷನ ಬೆರಳು ಓಡಾಡಬಲ್ಲ ಜಾಗ ಒಂದು ರೂಪಾಯಿ ನಾಣ್ಯದಷ್ಟಗಲ. ಝುಬೇರ್ ಅಷ್ಟನ್ನೇ ನಾಲ್ಕು ಭಾಗ ಮಾಡಿ, ಪರದೆಯ ತುಂಬ ದೊಡ್ಡದಾಗಿ ತೋರಿಸಿದ. ನೀರು, ನೋವು, ಮಗ್ಗುಲು, ಬೇಡ. ಬೆರಳು ಬಿದ್ದ ಕಡೆ ಕೆಂಪು ಚುಕ್ಕೆ ಮೂಡಿ, ಅದು ನಟ್ಟನಡುವಿನಿಂದ ಒಂದು ಭಾಗಕ್ಕೆ ಸರಿದಾಗ ಆ ಮಾತು ಕೇಳಿಸುತ್ತಿತ್ತು. ಮೊದಲೇ ರೆಕಾರ್ಡ್ ಮಾಡಿಟ್ಟ ಆ ದನಿ ಝುಬೇರನದೇ.

ಮೊದಲ ಸಲ ದಿಂಬಿನ ಮೇಲೆ ಲ್ಯಾಪ್‌ಟಾಪ್ ಇಟ್ಟು ಕೈ ಹೊಂದಿಸಿದಾಗ ಸಂತೋಷನ ತಾಯಿ ಚೆನ್ನಮ್ಮ ಸೆರಗಿನಲ್ಲಿ ಕೈ ಒರೆಸಿಕೊಳ್ಳುತ್ತಾ ಬಂದು ನಿಂತರು. ಚುಕ್ಕೆ ಮೂಡಿತು. ನಡುಗುತ್ತಾ ಬಲಕ್ಕೆ, ಕೆಳಕ್ಕೆ ಜಾರಿತು.

“ಬೇಡ.”

“ಮಾತಾಡ್ದ!” ಚೆನ್ನಮ್ಮ ಬಾಯಿ ಮುಚ್ಚಿಕೊಂಡರು. “ಏನ್ ಬೇಡ್ವಂತೆ ಮಗ?”

“ಏನ್ಲಾ ಬೇಡ? ಫ್ಯಾನಾ? ಟಿವಿನಾ?” ಝುಬೇರ್ ನಗುತ್ತಲೇ ಕೇಳಿದ.

“ಬೇಡ.”

ಬೆರಳಿಗೆ ಸುಸ್ತಾಗಿ ಅದೇ ಮೂಲೆಗೆ ಜಾರುತ್ತಿರಬೇಕು ಎಂದುಕೊಂಡ. ಹಾಗೇ ಆಗಿರಲಿ ಎಂದು ಮನಸ್ಸಿನಲ್ಲೇ ಬೇಡಿಕೊಂಡ ಎಂದರೂ ಸರಿಯೆ. ಮಾತುಗಳ ಜಾಗ ಬದಲಿಸಿ, ‘ಬೇಡ’ವನ್ನು ಎಡಗಡೆ ಮೇಲಕ್ಕೆ ಹಾಕಿದ. “ನೋಡ್ಕಳ್ಲಾ, ಎಲ್ಲಾ ಅದಲುಬದಲು ಮಾಡಿದೀನಿ.”

ಸಂತೋಷ ಪರದೆಯನ್ನು ನೋಡಿದ. ಬೆರಳು ಎದ್ದಿತು, ಬಿದ್ದಿತು. ಮತ್ತೆ ಎದ್ದು ಕೂದಲೆಳೆಯಷ್ಟು ಎಡಕ್ಕೆ ಸರಿಯಿತು, ಆಮೇಲೆ ಮೇಲಕ್ಕೆ. ಅವನ ಹಣೆಯಲ್ಲಿ ಬೆವರು ಒಡೆದಿತ್ತು.

“ಬೇಡ.”

ಚೆನ್ನಮ್ಮ ಗಂಜಿಯ ಲೋಟ, ಸಿರಿಂಜು ಹಿಡಿದುಕೊಂಡಿದ್ದರು. ಸಂತೋಷನ ಕಣ್ಣು ಆ ಲೋಟದ ಮೇಲೆ ಹೋಗಿ, ಅಲ್ಲಿಂದ ಝುಬೇರನ ಮುಖಕ್ಕೆ ಬಂದು ನಿಂತಿತು. ಏನು ಬೇಡ ಎನ್ನುವುದು ಝುಬೇರನಿಗೆ ತಿಳಿದುಹೋಯಿತು.

“ಏನಂತವ್ನೆ?”

“ಏನೂ ಇಲ್ಲಮ್ಮ. ಮೆಷಿನ್ ಇನ್ನೂ ಸರಿಯಾಗಿಲ್ಲ. ತಪ್ಪು ತೋರಿಸ್ತಾ ಐತೆ,” ಎಂದು ಝುಬೇರ್ ಲ್ಯಾಪ್‌ಟಾಪ್ ಮುಚ್ಚಿದ. ಸಂತೋಷನ ಬೆರಳು ಇನ್ನೂ ಒಳಗೇ ಇತ್ತು. ಅದನ್ನು ಮೆಲ್ಲಗೆ ಬಿಡಿಸಿ ಹಾಸಿಗೆಯ ಮೇಲಿಡುವಾಗ ಅವನ ಮುಖ ನೋಡುವ ಧೈರ್ಯವಾಗಲಿಲ್ಲ.

ಆ ವಾರವೆಲ್ಲ ಬಿಲ್ಲಿಂಗ್ ಕೆಲಸದಲ್ಲಿ ಮನಸ್ಸು ನಿಲ್ಲಲಿಲ್ಲ. ಗೆಳೆಯನಿಗೊಂದು ಬಾಯಿ ಮಾಡಿಕೊಟ್ಟು, ಅದು ಆಡಿದ ಮೊದಲ ಮಾತನ್ನೇ ಸುಳ್ಳು ಮಾಡಿ ಬಂದಿದ್ದ. ಕೊನೆಗೆ ಡಾಕ್ಟರಿಗೆ ಫೋನ್ ಮಾಡಿ, ಸಂತೋಷ ಗಂಜಿಯೇ ಬೇಡ ಅನ್ನುತ್ತಿದ್ದಾನೆ, ಬದುಕೇ ಬೇಡವಾಗಿದೆ ಅವನಿಗೆ ಎಂದು ಹೇಳಿದ. “ಇಂಥ ಸ್ಥಿತಿಯಲ್ಲಿ ಮೊದಮೊದಲು ಹೀಗೆ ಅನ್ನಿಸೋದು ಇದ್ದದ್ದೇ. ಮನಸ್ಸಿಗೆ ಒಂದು ಮಾತ್ರೆ ಬರೆದುಕೊಡ್ತೀನಿ, ಕೆಲವು ತಿಂಗಳು ನೋಡೋಣ,” ಎಂದರು. ಆಮೇಲೂ ಹೀಗೇ ಅಂದರೆ ಎಂದು ಝುಬೇರ್ ಕೇಳಿದ್ದಕ್ಕೆ, “ಆಗ ಮಾತಾಡೋಣ,” ಎಂದಷ್ಟೇ ಹೇಳಿದರು.

ಮುಂದಿನ ಭಾನುವಾರ ಮಾತ್ರೆಯ ಪೊಟ್ಟಣ ತೆಗೆದುಕೊಂಡು ಹೋದವನು ಅಡುಗೆಮನೆಯ ಬಾಗಿಲಲ್ಲೇ ನಿಂತು ಹೇಳಿದ: “ಅಮ್ಮ, ಮೆಷಿನ್ ಸರಿಯಾಗೇ ಐತೆ. ಅವತ್ತು ನಾನೇ ಸುಳ್ಳೇಳ್ದೆ.”

ಚೆನ್ನಮ್ಮ ರಾಗಿ ಗಂಜಿ ತಿರುವುತ್ತಲೇ ಇದ್ದರು. “ನಿನ್ ಮುಖ ನೋಡ್ದಾಗ್ಲೇ ಗೊತ್ತಾಯ್ತು ಕಣಪ್ಪ. ಹಸಿವಾಗ್ತದೆ ಅಂತ ಗೊತ್ತಿದ್ದೂ ಸುಮ್ನೆ ಬುಡಕಾಯ್ತದಾ? ನೀನಾದ್ರೂ ಹೇಳು, ನಾನೇನ್ ಮಾಡ್ಲಿ?”

ಝುಬೇರ್ ಮಾತ್ರೆಯ ಪೊಟ್ಟಣವನ್ನು ಅವರ ಪಕ್ಕದಲ್ಲಿಟ್ಟ. ಒಳಗೆ ಹೋಗಿ ಮಂಚದ ಅಂಚಿನಲ್ಲಿ ಕೂತ. ಲ್ಯಾಪ್‌ಟಾಪ್ ತೆರೆದು ಬೆರಳನ್ನು ಪ್ಯಾಡಿನ ಮೇಲಿಟ್ಟ. “ಅವತ್ತು ಮುಚ್ಬುಟ್ಟಿದ್ದು ತಪ್ಪಾಯ್ತು ಕಣ್ಲಾ. ನೀ ಹೇಳಿದ್ದು ತಿಳೀತು. ಆದ್ರೆ ನನ್ ಕೈಲಾಗಲ್ಲ, ಅಮ್ಮನ ಕೈಲೂ ಆಗಲ್ಲ. ನಾನು ಬರೋದೂ ಬೇಡ್ವಾ?”

ಬೆರಳು ಅಲ್ಲಾಡಲಿಲ್ಲ. ಅದು ಒಪ್ಪಿಗೆಯೋ, ಸಿಟ್ಟೋ, ಬರೀ ದಣಿವೋ ಎಂದು ತಿಳಿಯದೆ ಝುಬೇರ್ ಚುಕ್ಕೆಯನ್ನೇ ನೋಡುತ್ತಾ ಕೂತ.

ಚೆನ್ನಮ್ಮ ಮಾತ್ರೆಯನ್ನು ಅರೆದು ಗಂಜಿಗೆ ಬೆರೆಸಿಕೊಂಡು ಬಂದರು. ನಳಿಕೆ ಎತ್ತಿ ಹಿಡಿಯಲು ಇನ್ನೊಂದು ಕೈ ಬೇಕಾಗಿತ್ತು. ಝುಬೇರ್ ಎದ್ದು ಹಿಡಿದ. ಚುಕ್ಕೆ ಮೆಲ್ಲಗೆ ಎಡಕ್ಕೆ, ಮೇಲಕ್ಕೆ ಸರಿಯಿತು.

“ಬೇಡ,” ಎಂದಿತು ಝುಬೇರನ ದನಿ.

“ಆಯ್ತು ಮಗ, ಆಯ್ತು. ಇಷ್ಟೇ,” ಎನ್ನುತ್ತಾ ಚೆನ್ನಮ್ಮ ಸಿರಿಂಜಿಗೆ ಗಂಜಿ ಹೊಯ್ದರು. ಝುಬೇರ್ ನಳಿಕೆಯನ್ನು ಇನ್ನಷ್ಟು ಮೇಲಕ್ಕೆ ಎತ್ತಿ ಹಿಡಿದ.